ಮೂರನೆಯ ಸಾಲಿಗೆ ಹೂಂ

ನಮ್ಮ ಊರಿನಲ್ಲಿ ಹೂಂಗುಟ್ಟುವುದು ಒಂದು ಹೊಣೆ. ಬೇರೆ ಊರುಗಳಲ್ಲಿ ಕಥೆ ಹೇಳುವಾಗ ಕೇಳುವವರಲ್ಲಿ ಯಾರೋ ಒಬ್ಬರು ಹೂಂ ಹೂಂ ಅನ್ನುತ್ತಾರಂತೆ, ನಿದ್ದೆ ಬಂದರೆ ನಿಲ್ಲಿಸುತ್ತಾರಂತೆ. ನಮ್ಮಲ್ಲಿ ಹಾಗಲ್ಲ. ವರ್ಷಕ್ಕೊಮ್ಮೆ, ಯುಗಾದಿ ಕಳೆದ ಮೂರನೆಯ ಬೆಳಿಗ್ಗೆ, ಬಯಲಿನ ನಡುವಿನ ಮಂಟಪದಲ್ಲಿ ಎಣಿಕೆಯ ಓದು ನಡೆಯುತ್ತದೆ. ಊರಿನ ಗಮಕಿ ಕೇಶವಾವಧಾನಿಗಳು ಬಯಲಿನ ಕಲ್ಲುಗಳ ಒಂದು ಸಾಲಿಗೆ ಒಂದು ಪದ್ಯದಂತೆ ಒಂಬತ್ತು ಪದ್ಯ ಓದುತ್ತಾರೆ. ಪ್ರತಿ ಪದ್ಯ ಮುಗಿದ ಮೇಲೆ ನಾನು ಹೂಂ ಅನ್ನಬೇಕು. ಹೂಂ ಅಂದರೆ ಆ ಎಣಿಕೆ ಊರಿಗೆ ಖಾತರಿಯಾಗಿ ನಿಂತಿತು. ಅನ್ನದಿದ್ದರೆ ಅದು ಬರಿಯ ಹಾಡು.

ಈ ಹೊಣೆ ನನಗಿಂತ ಮುಂಚೆ ನನ್ನ ಅಮ್ಮನದು, ಅವಳಿಗಿಂತ ಮುಂಚೆ ಅಜ್ಜಿಯದು. ಅಜ್ಜಿಯ ಮಡಿಲಲ್ಲಿ ಕೂತು ಕಾವ್ಯ ಕೇಳಿಯೇ ನಾನು ಬೆಳೆದದ್ದು. ಅಕ್ಷರಕ್ಕಿಂತ ಮುಂಚೆ ನನಗೆ ಪದ್ಯದ ಮಾತ್ರೆ ಗೊತ್ತಿತ್ತು. ಮೂರು ನಾಲ್ಕು, ಮೂರು ನಾಲ್ಕು ಎಂದು ಎದೆಯೊಳಗೆ ಒಂದು ತೊಟ್ಟಿಲು ತೂಗುತ್ತಿತ್ತು. ಮಾತು ಮಾತ್ರ ನನಗೆ ಮೊದಲಿನಿಂದಲೂ ಕಡಿಮೆ. 'ಸೀಬಮ್ಮನ ಬಾಯಿ ತೆರೆಸಬೇಕಾದರೆ ನರಸಿಂಹಸ್ವಾಮಿಯೇ ಕಂಬ ಒಡೆದುಕೊಂಡು ಬರಬೇಕು' ಎಂದು ಊರವರು ನಗುತ್ತಾರೆ. ನಗಲಿ. ಅಮ್ಮ ಹೊಣೆ ಒಪ್ಪಿಸುವಾಗ ಒಂದೇ ಮಾತು ಹೇಳಿದ್ದಳು: "ಮುಟ್ಟದೆ ಹೂಂ ಅನ್ನಬೇಡ." ಓದಿಗೆ ಮುಂಚಿನ ಒಂದು ತಿಂಗಳು ನಾನು ಎಲ್ಲ ಸಾಲುಗಳನ್ನೂ ನಡೆದು, ಕಲ್ಲುಗಳ ಮೇಲೆ ಅಂಗೈ ಇಟ್ಟು ಬರುತ್ತೇನೆ. ಸ್ನಾನ ಮಾಡಿ, ದೇವರಿಗೆ ದೀಪ ಹಚ್ಚಿ, ಸ್ವಾಮಿಯ ಹೆಸರು ಹೇಳಿಕೊಳ್ಳುತ್ತಲೇ ನಡೆಯುತ್ತೇನೆ.

ಜಗತ್ತಿನಲ್ಲಿ ಎಷ್ಟು ಅಣ್ವಸ್ತ್ರಗಳಿವೆಯೋ ಅಷ್ಟು ಕಲ್ಲು ನಮ್ಮ ಬಯಲಿನಲ್ಲಿವೆ. ಅಲ್ಲಿ ಒಂದು ತಯಾರಾದರೆ ಇಲ್ಲಿ ಒಂದು ಏಳುತ್ತದೆ. ಅಲ್ಲಿ ಒಂದನ್ನು ಬಿಚ್ಚಿ ಹಾಕಿದರೆ ಇಲ್ಲಿಯ ಒಂದು ನೆಲದೊಳಕ್ಕೆ ಇಳಿದು ಗುಳಿ ಮಾತ್ರ ಉಳಿಯುತ್ತದೆ. ಮಂಟಪದಿಂದ ಒಂಬತ್ತು ದಿಕ್ಕಿಗೆ ಒಂಬತ್ತು ದೇಶಗಳ ಸಾಲು. ರಷ್ಯಾದ್ದು ಎಲ್ಲಕ್ಕಿಂತ ಉದ್ದ, ಐದೂವರೆ ಸಾವಿರದ ಹತ್ತಿರ. ಅದರ ಪಕ್ಕ ಅಮೆರಿಕದ್ದು, ಐದು ಸಾವಿರ ದಾಟಿ ಇನ್ನೂರರಷ್ಟು. ಈ ಎರಡರಲ್ಲೇ ಹತ್ತಕ್ಕೆ ಹೆಚ್ಚುಕಡಿಮೆ ಒಂಬತ್ತು ಪಾಲು ಕಲ್ಲು ಮುಗಿದುಹೋಗುತ್ತದೆ. ಆಮೇಲೆ ಚೀನಾ. ಆಮೇಲೆ ಫ್ರಾನ್ಸಿನ ಇನ್ನೂರ ತೊಂಬತ್ತು, ಬ್ರಿಟನ್ನಿನ ಇನ್ನೂರ ಇಪ್ಪತ್ತೈದು. ಭಾರತದ ನೂರ ಎಂಬತ್ತು, ಪಾಕಿಸ್ತಾನದ ನೂರ ಎಪ್ಪತ್ತು ಮಗ್ಗುಲಲ್ಲೇ ಇವೆ. ಮಡಿವಾಳರು ಈ ಸಾಲಿನ ಕಲ್ಲಿಗೂ ಆ ಸಾಲಿನ ಕಲ್ಲಿಗೂ ಹಗ್ಗ ಕಟ್ಟಿ ಸೀರೆ ಒಣಹಾಕುತ್ತಾರೆ. ಎಂಟನೆಯದು ಇಸ್ರೇಲಿನದು. ಆ ದೇಶ ತನ್ನಲ್ಲಿ ಇದೆ ಎಂದೂ ಹೇಳುವುದಿಲ್ಲ, ಇಲ್ಲ ಎಂದೂ ಹೇಳುವುದಿಲ್ಲ. ಅದಕ್ಕೆ ಆ ತೊಂಬತ್ತು ಕಲ್ಲುಗಳ ಮೇಲೆ ನಾವು ಬಟ್ಟೆ ಹೊದಿಸಿದ್ದೇವೆ, ಅದರ ಪದ್ಯವನ್ನು ಯಾರೂ ಬಾಯಿಬಿಟ್ಟು ಓದುವುದಿಲ್ಲ. ಆರು ಸಾಲಿನ ಒಂದು ಪದ್ಯ ಓದುವಷ್ಟು ಹೊತ್ತು ಅವಧಾನಿಗಳು ಕಣ್ಣು ಮುಚ್ಚಿ ಕೂರುತ್ತಾರೆ. ಮೌನ ಎಲ್ಲಿ ಮುಗಿಯಿತು ಎಂಬುದು ನನಗೆ ತಿಳಿಯುತ್ತದೆ, ಅಲ್ಲಿ ಹೂಂ ಅನ್ನುತ್ತೇನೆ. ಕೊನೆಯದು ಉತ್ತರ ಕೊರಿಯಾದ್ದು, ಐವತ್ತು.

ಎಲ್ಲ ಸೇರಿ ಹನ್ನೆರಡು ಸಾವಿರಕ್ಕೆ ಸ್ವಲ್ಪ ಮೇಲೆ. ನಾನು ಹುಡುಗಿಯಾಗಿದ್ದಾಗ ಎಪ್ಪತ್ತು ಸಾವಿರದವರೆಗೆ ಹೋಗಿತ್ತು. ಬಯಲು ಸಾಲದೆ ಕಲ್ಲುಗಳು ಗುಡ್ಡ ಹತ್ತಿದ್ದವು, ಊರ ಎಮ್ಮೆಗಳು ದಾರಿ ಸಿಗದೆ ಒಂದೇ ಕಡೆ ನಿಂತು ಒರಲುತ್ತಿದ್ದವು. ಆಮೇಲೆ ವರ್ಷ ವರ್ಷ ಸಾವಿರ ಸಾವಿರವಾಗಿ ಇಳಿದವು. ಈಗ ಇಳಿಯುವುದು ನಿಧಾನ. ಇರುವವುಗಳಲ್ಲಿ ಎರಡು ಸಾವಿರದಷ್ಟು ಕಲ್ಲು ಸದಾ ಬೆಚ್ಚಗಿರುತ್ತವೆ. ಅಪ್ಪಣೆ ಬಂದ ಕೂಡಲೆ ಹಾರಲು ಸಜ್ಜಾಗಿ ನಿಂತ ಅಸ್ತ್ರಗಳ ಕಲ್ಲು ಅವು, ಹೆಚ್ಚುಕಡಿಮೆ ಎಲ್ಲವೂ ಮೊದಲೆರಡು ಸಾಲಿನವು. ಹೆಂಗಸರು ಅವುಗಳ ಮೇಲೆ ಸಂಡಿಗೆ ಒಣಗಿಸುತ್ತಾರೆ, ಮೋಡವಿದ್ದರೂ ಮಧ್ಯಾಹ್ನದೊಳಗೆ ಗರಿಗರಿ. ಕೆಲಸ ಮುಗಿದು ಬಿಚ್ಚುವವರಿಗಾಗಿ ಕಾದು ಕೂತ ಹಳೆಯ ಅಸ್ತ್ರಗಳ ಕಲ್ಲು ತಣ್ಣಗೆ, ಪಾಚಿ ಹಿಡಿದು, ಸರದಿಯಲ್ಲಿ ನಿಂತ ಮುದುಕರ ಹಾಗಿರುತ್ತವೆ.

ಕಲ್ಲು ಏಳುವಾಗ ಸದ್ದಾಗುವುದಿಲ್ಲ. ಈ ಉಸಿರಿಗೂ ಆ ಉಸಿರಿಗೂ ನಡುವೆ ಮೊಣಕಾಲೆತ್ತರ ಎದ್ದಿರುತ್ತದೆ. ಅಮ್ಮನ ಕಾಲದಲ್ಲಿ ಮಲಗಿದ್ದವನೊಬ್ಬನ ಬೆನ್ನ ಕೆಳಗೆ ಎದ್ದು ಅವನು ಉಳಿದ ಆಯುಷ್ಯವೆಲ್ಲ ಬಾಗಿಯೇ ನಡೆದ. ಅಂದಿನಿಂದ ಊರ ಕಟ್ಟಳೆ: ಓದಿನಲ್ಲಿ ನಿಂತ ಎಣಿಕೆ ಯಾವ ಮನೆಯ ಹಿತ್ತಿಲು ಮುಟ್ಟುತ್ತದೋ ಆ ಮನೆಯವರು ಹತ್ತು ದಿನದೊಳಗೆ ಜಾಗ ಬಿಟ್ಟು ಏಳಬೇಕು. ಅದಕ್ಕೇ ನಮ್ಮ ಮನೆಗಳಿಗೆ ಮೊಳೆ ಹೊಡೆಯುವುದಿಲ್ಲ. ಕಂಬ, ತೊಲೆ, ಹಲಗೆ ಎಲ್ಲ ಗೂಟಕ್ಕೆ ಸಿಕ್ಕಿಸಿದ್ದು. ಬಿಚ್ಚಲು ಎರಡು ದಿನ, ಕಟ್ಟಲು ಐದು.

ಈ ಕಟ್ಟಳೆಯ ನೆರಳಿನಲ್ಲೇ ಒಂದು ಕೆಟ್ಟ ಅಭ್ಯಾಸವೂ ಬೆಳೆಯಿತು. ಓದುವವರೆಗೆ ಕಲ್ಲು ಕಲ್ಲಲ್ಲ. ಪ್ರತಿ ಸಾಲಿನ ಕೊನೆಗೆ ಹಿಂದಿನ ಓದಿನಲ್ಲಿ ನಿಂತ ಎಣಿಕೆಯ ಗುರುತಾಗಿ ಒಂದು ಸುಣ್ಣದ ಕಂಬ ನೆಟ್ಟಿರುತ್ತೇವೆ. ಅದರಾಚೆ ಎದ್ದದ್ದನ್ನು ಕಂಡರೂ ಯಾರೂ ಕಾಣುವುದಿಲ್ಲ. ಮೇಲೆ ಹುಲ್ಲು ಹಾಕುತ್ತಾರೆ, ಮಕ್ಕರಿ ಕವುಚುತ್ತಾರೆ. ಒಬ್ಬಳು ಅದರ ಮೇಲೆ ಚಟ್ನಿ ಅರೆಯುತ್ತಿದ್ದಳು. 'ಇದೇನು?' ಎಂದು ಕೇಳಿದರೆ 'ಒರಳು' ಅಂದಳು.

ಮೂರನೆಯ ಸಾಲು ಕೆಲವು ವರ್ಷಗಳಿಂದ ಓಡುತ್ತಿತ್ತು. ಅದರ ಪದ್ಯದಲ್ಲಿ ಮುನ್ನೂರು ಇದ್ದದ್ದು ನಾನೂರಾಯಿತು, ನಾನೂರು ಹೋಗಿ ಐನೂರಾಯಿತು. ಹೋದ ವರ್ಷ ಅವಧಾನಿಗಳು ಓದಿದ್ದು ಹೀಗೆ:

ಮೂರನೆಯ ಸಾಲ್ ಚೀನದೊಳಗೈ
ನೂರು ಕಲ್ಲುಗಳೆದ್ದು ನಿಂತವು

ಈ ವರ್ಷ ಓದಿಗೆ ಎಂಟು ದಿನ ಮುಂಚೆ ನಾನೂ ಮಾದಪ್ಪನೂ ಆ ಸಾಲು ನಡೆದೆವು. ಮಾದಪ್ಪ ಎಣಿಸುವವನು. ಕಲ್ಲಿಗೊಂದು ಹುಣಸೆ ಬೀಜ ಚೀಲಕ್ಕೆ ಹಾಕುತ್ತಾ ಬರುತ್ತಾನೆ, ನಡುನಡುವೆ ಒಂದೆರಡು ಹುರಿದ ಬೀಜ ಬಾಯಿಗೂ ಹಾಕಿಕೊಳ್ಳುತ್ತಾನೆ.

"ಎಣಿಸೋ ಬೀಜ ತಿಂತಿದ್ದೀಯಲ್ಲೋ" ಅಂದೆ.

"ಅದು ಬ್ಯಾರೆ ಜೇಬು ಸೀಬಕ್ಕಾ. ಬ್ರಿಟನ್ ಸಾಲಲ್ಲಿ ಒಂದ್ಸಲ ಅದಲುಬದಲಾಗಿ ನಾಕು ಬಾಂಬು ನುಂಗ್ಬಿಟ್ಟಿದ್ದೆ. ಮತ್ತೆ ಎಣಿಸ್ದೆ."

ಸುಣ್ಣದ ಕಂಬ ದಾಟಿದ ಮೇಲೆ ಅವನ ನಗೆ ನಿಂತಿತು. ಹತ್ತು ಹತ್ತು ಕಲ್ಲಿನ ಅಡ್ಡಸಾಲು ಒಂದಾದ ಮೇಲೆ ಒಂದು, ಹುಲ್ಲಿನ ಕೆಳಗೆ, ಮಕ್ಕರಿಯ ಕೆಳಗೆ ಸಾಗಿತ್ತು. ನಾನು ಪ್ರತಿಯೊಂದರ ಹುಲ್ಲು ಸರಿಸಿ ಅಂಗೈ ಇಟ್ಟೆ. ಹತ್ತನೆಯ ಅಡ್ಡಸಾಲು ನಮ್ಮನ್ನು ಒಂದು ಬೇಲಿಯ ಒಳಕ್ಕೆ ಕರೆದುಕೊಂಡು ಹೋಯಿತು. ಅದು ಹೊಂಬಾಳಕ್ಕನ ಹೆರಿಗೆ ಮನೆಯ ಹಿತ್ತಿಲು.

ಹೊಂಬಾಳಕ್ಕ ನಮ್ಮ ಊರಿನ ಸೂಲಗಿತ್ತಿ. ಅರವತ್ತೈದು ದಾಟಿದ ಹೆಂಗಸು, ದೊಡ್ಡ ಕೈ, ಅದಕ್ಕಿಂತ ದೊಡ್ಡ ಗಂಟಲು. ನಲವತ್ತೊಂದು ವರ್ಷದಿಂದ ಆ ಮನೆಯಲ್ಲಿ ಹೆರಿಗೆ ಮಾಡಿಸುತ್ತಿದ್ದಾಳೆ. ಅವಳ ತಾಯಿ ಬೇರೊಂದು ಜಾಗದಲ್ಲಿ ಮಾಡಿಸುತ್ತಿದ್ದಾಗ ಎಷ್ಟೋ ಬಾಣಂತಿಯರು, ಕೂಸುಗಳು ಹೋದವು. ಈ ನೆಲಕ್ಕೆ ಬಂದ ಮೇಲೆ ಒಂದು ಜೀವವೂ ಹೋಗಿಲ್ಲ. ಅದು ನೆಲದ ಗುಣ ಎಂದು ಅವಳೂ ನಂಬಿದ್ದಳು, ಊರೂ ನಂಬಿತ್ತು. ನನಗೆ ಅದು ಅವಳ ಕೈಯ ಗುಣ ಎಂದೇ ಅನ್ನಿಸುತ್ತಿತ್ತು, ಹೇಳಲು ಹೋಗಿರಲಿಲ್ಲ.

ಹಿತ್ತಿಲಿನಲ್ಲಿ ಒಂಬತ್ತು ಕಲ್ಲು ಕಂಡವು, ಮೇಲೆ ಬಾಣಂತಿಯರ ಬಟ್ಟೆ ಒಣಹಾಕಿತ್ತು. ಹತ್ತನೆಯದು ಇರಬೇಕಾದಲ್ಲಿ ಒಂದು ಒಡಕು ಹಂಡೆಯನ್ನು ಕವುಚಿಟ್ಟಿತ್ತು. ನಾನು ಹಂಡೆಗೆ ಕೈ ಹಾಕಿದೆ.

"ಮುಟ್ಬ್ಯಾಡ ಕಣಮ್ಮಿ ಅದ್ನ!" ಹೊಂಬಾಳಕ್ಕ ಬಾಗಿಲಲ್ಲಿ ನಿಂತಿದ್ದಳು, ಕೈಯಲ್ಲಿ ಹರಳೆಣ್ಣೆಯ ಬಟ್ಟಲು.

"ಮುಟ್ಟಬೇಕು ಹೊಂಬಾಳಕ್ಕ."

"ಏನು ಮುಟ್ಟೋದು? ಹಂಡೆ ಅದು. ತೂತು ಹಂಡೆ. ಕಲಾಯಿಯವನು ಬತ್ತಾನೆ ಅಂತ ಇಟ್ಟಿವ್ನಿ."

"ಕೆಳಗೆ?"

"ಕೆಳಗೆ ನೆಲ ಐತೆ, ಇನ್ನೇನಿರ್ತದೆ? ನಿಮ್ಮವ್ವ ಬಂದಾಗಲೂ ನೆಲಾನೇ ಇತ್ತು."

ನಾನು ಹಂಡೆ ಎತ್ತಿದೆ. ಕಲ್ಲಿತ್ತು. ಅಂಗೈ ಇಟ್ಟೆ. ಬೆಚ್ಚಗಿತ್ತೋ ಬಿಸಿಲಿಗೆ ಕಾದಿತ್ತೋ ನನಗೆ ಖಚಿತವಾಗಲಿಲ್ಲ. ಆ ಸಾಲಿನಲ್ಲಿ ಈಚೆಗೆ ಕೆಲವು ಬೆಚ್ಚಗಾಗುತ್ತಿವೆ ಎಂದು ಹೇಳುವವರಿದ್ದಾರೆ, ನಾನು ಗೊತ್ತಿಲ್ಲದ್ದನ್ನು ಹೇಳುವುದಿಲ್ಲ. ಗೊತ್ತಿದ್ದದ್ದು ಇಷ್ಟೇ: ಮುಂದಿನ ಅಡ್ಡಸಾಲಿಗೆ ಎರಡು ಮಾರು ದೂರ, ಎರಡು ಮಾರಿನಾಚೆ ಮನೆಯ ಹಿಂಗೋಡೆ, ಗೋಡೆಗೆ ತಾಗಿದಂತೆ ಒಳಗೆ ಹೆರಿಗೆಯ ಮಂಚ.

"ಆರುನೂರು" ಎಂದ ಮಾದಪ್ಪ, ಮೆಲ್ಲಗೆ. "ಒಂದೋ ಎರಡೋ ಹೆಚ್ಚುಕಮ್ಮಿ."

ಹೊಂಬಾಳಕ್ಕ ಬಟ್ಟಲು ಕೆಳಗಿಟ್ಟು ನನ್ನ ಹತ್ತಿರ ಬಂದಳು. ದನಿ ಇಳಿಸಿದಳು. ಅವಳು ದನಿ ಇಳಿಸಿದ್ದನ್ನು ನಾನು ಕೇಳಿದ್ದು ಅದೇ ಮೊದಲು. "ಈ ವರ್ಷ ಒಂದು ಬುಟ್ಟುಬುಡು ಸೀಬೀ. ಮೂರು ಜನ ಬಸುರೀರು ದಿನ ತುಂಬ್ಕೊಂಡವ್ರೆ. ಅವಧಾನಿಗಳ ಮೊಮ್ಮಗಳು ಜಾಹ್ನವಿ ಚೊಚ್ಚಲು, ಕೂಸು ಅಡ್ಡ ತಿರುಗೈತೆ. ದಿನಾ ಎಣ್ಣೆ ಹಾಕಿ ತಿರುಗಿಸ್ತಾ ಇವ್ನಿ. ಅವಳ್ನ ಬ್ಯಾರೆ ನೆಲದ ಮ್ಯಾಲೆ ಹೆಂಗೆ ಮಲಗಿಸ್ಲಿ? ನೀನು ಹೂಂ ಅಂದ್ರೆ ಹತ್ತೇ ದಿನ. ನನ್ನ ಮನೆ ಹೋಯ್ತದೆ."

"ಕಲ್ಲು ಎದ್ದರೆ?"

"ನಾಳೀಕೇ ಏಳ್ತದಾ? ಅಲ್ಲೆಲ್ಲೋ ದೇಶದಾಗೆ ಯಾರೋ ಕಾರ್ಖಾನೆ ಬೀಗ ತೆಗೀಬೇಕು, ಮಾಡ್ಬೇಕು..."

"ಬೀಗ ತೆಗೆದೇ ಇದೆ ಹೊಂಬಾಳಕ್ಕ. ನೂರು ಎದ್ದಿವೆ ಒಂದು ವರ್ಷಕ್ಕೆ."

ಅವಳು ಹಂಡೆಯನ್ನು ಮತ್ತೆ ಕಲ್ಲಿನ ಮೇಲೆ ಕವುಚಿ ಒಳಗೆ ಹೋದಳು.

ಓದಿನ ಹಿಂದಿನ ದಿನ ಸಂಜೆ ಅವಧಾನಿಗಳು ನನ್ನನ್ನು ಕರೆಸಿದರು. ಪಡಸಾಲೆಯಲ್ಲಿ ಓಲೆಯ ಕಟ್ಟು ಬಿಚ್ಚಿಕೊಂಡು ಕೂತಿದ್ದರು. ಎಪ್ಪತ್ತನಾಲ್ಕು ವಯಸ್ಸು, ಧ್ವನಿ ಇನ್ನೂ ಕಂಚು. ನಾನು ನಮಸ್ಕಾರ ಮಾಡಿ ಕಂಬದ ಪಕ್ಕ ಕೂತೆ. ಒಳಗಿನಿಂದ ಜಾಹ್ನವಿ ಭಾರವಾಗಿ ನಡೆಯುವ ಸಪ್ಪಳ ಬರುತ್ತಿತ್ತು.

"ನೋಡಮ್ಮಾ ಸೀಬಮ್ಮ, ಒಂದು ತೊಡಕಾಗಿದೆ" ಎಂದರು. "ಮೂರನೆಯ ಪದ್ಯಕ್ಕೆ ಆರುನೂರು ಕೂರುತ್ತಿಲ್ಲ. ಮುನ್ನೂರು ಕೂತಿತು, ನಾನೂರು ಕೂತಿತು, ಐನೂರೂ ಕೂತಿತು. 'ಚೀನದೊಳಗಾರು ನೂರು' ಅಂದರೆ ಒಂದು ಮಾತ್ರೆ ಹೆಚ್ಚಾಗುತ್ತದೆ. ಪದ್ಯ ಕುಂಟುತ್ತದೆ. ಮುನ್ನೂರು ವರ್ಷದಿಂದ ಕಾವ್ಯ ಓದುವ ಮನೆತನ ನಮ್ಮದು, ಕುಂಟಿಸಿ ಓದಲು ನನ್ನ ನಾಲಿಗೆ ಬಾರದು. ಈ ವರ್ಷ ಐನೂರೇ ಇರಲಿ. ಬರುವ ವರ್ಷದ ಹೊತ್ತಿಗೆ ಹೊಸ ಪದ್ಯ ಕಟ್ಟಿಬಿಡುತ್ತೇನೆ."

ಎದೆಯೊಳಗಿನ ತೊಟ್ಟಿಲು ಸಾಲನ್ನು ತೂಗಿ ನೋಡಿತು. ಆಮೇಲೆ ಹೇಳಿದೆ: "ಕಾವ್ಯದಲ್ಲಿ ಅರುನೂರು ಅಂತ ಇದೆಯಲ್ಲ, ಸ್ವಾಮಿ. 'ಚೀನದೊಳಗರು' ಅಂದರೆ ಮೂರು ನಾಲ್ಕು ಸರಿಯಾಗಿ ಕೂರುತ್ತದೆ."

ಅವಧಾನಿಗಳು ಓಲೆಯ ಕಟ್ಟನ್ನು ಕಟ್ಟಲು ಹೊರಟರು. ದಾರ ಬೆರಳಿಗೆ ಸುತ್ತಿಕೊಂಡಿತು. "ನಿನಗೆ ಯಾರು ಹೇಳಿಕೊಟ್ಟರು?"

"ನೀವೇ ಓದಿದ್ದು. ನಾನು ಕೇಳಿದ್ದು."

"ಗೊತ್ತು ನನಗೆ" ಎಂದರು, ದಾರ ಬಿಡಿಸಿಕೊಳ್ಳುತ್ತಾ. "ಅರು ಗೊತ್ತಿಲ್ಲದೆ ಅವಧಾನಿ ಅನ್ನಿಸಿಕೊಂಡೆನೆ? ಈ ಜಾಹ್ನವಿಯ ತಾಯಿ, ನನ್ನ ಮಗಳು, ಇವಳನ್ನು ಹೆರುವಾಗ ಮೂರು ದಿನ ಒದ್ದಾಡಿದಳು. ಆ ಮನೆ ಇಲ್ಲದಿದ್ದರೆ ಎರಡು ಜೀವವೂ ಇರುತ್ತಿರಲಿಲ್ಲ. ಒಂದೇ ಒಂದು ವರ್ಷದ ಅವಕಾಶ ಕೇಳುತ್ತಿದ್ದೇನೆ, ಸೀಬಮ್ಮ. ನನಗಾಗಿ ನಿನ್ನನ್ನು ಏನನ್ನಾದರೂ ಕೇಳಿದ್ದೇನೆಯೇ ಇಷ್ಟು ವರ್ಷದಲ್ಲಿ?"

ಕೇಳಿರಲಿಲ್ಲ. ನಾನು ಎದ್ದು ನಮಸ್ಕಾರ ಮಾಡಿ ಬಂದೆ. ಹೂಂ ಅನ್ನಲಿಲ್ಲ, ಊಹೂಂ ಅನ್ನಲೂ ಇಲ್ಲ. ಅದು ಮಂಟಪದಲ್ಲಿ ಆಗಬೇಕಾದ ಮಾತು.

ಬೆಳಿಗ್ಗೆ ಊರೆಲ್ಲ ಸೇರಿತ್ತು. ಹೊಂಬಾಳಕ್ಕ ಮುಂದಿನ ಸಾಲಿನಲ್ಲೇ ಬಸುರಿಯರನ್ನು ಎರಡೂ ಪಕ್ಕಕ್ಕೆ ಕೂರಿಸಿಕೊಂಡು ಕೂತಿದ್ದಳು. ಜಾಹ್ನವಿ ಒಂದು ಕೈ ಸೊಂಟಕ್ಕೆ ಕೊಟ್ಟು ಕಂಬಕ್ಕೆ ಒರಗಿದ್ದಳು. ಮೊದಲ ಪದ್ಯಕ್ಕೆ ಹೂಂ ಅಂದೆ. ಎರಡನೆಯದಕ್ಕೂ ಅಂದೆ. ಮೂರನೆಯದನ್ನು ಅವಧಾನಿಗಳು ಕಣ್ಣು ಮುಚ್ಚಿ ಓದಿದರು. ಚೀನದೊಳಗೈನೂರು. ಅಷ್ಟು ಚೆನ್ನಾಗಿ ಅವರು ಓದಿದ್ದನ್ನು ನಾನು ಅದುವರೆಗೆ ಕೇಳಿರಲಿಲ್ಲ. ಪದ್ಯ ಮುಗಿದು ದನಿ ಕಂಬಗಳ ನಡುವೆ ನಿಂತಿತು.

ನಾನು ಸುಮ್ಮನಿದ್ದೆ.

ಮೊದಲು ಜನ ನನಗೆ ಕೇಳಿಸಲಿಲ್ಲವೆಂದುಕೊಂಡರು. ಯಾರೋ ಹಿಂದಿನಿಂದ "ಸೀಬಮ್ನೋರೆ, ನಿದ್ದೆ ಬಂತಾ?" ಎಂದರು, ನಗೆ ಎದ್ದಿತು. ಅವಧಾನಿಗಳು ಕಣ್ಣು ತೆರೆದು ನನ್ನ ಕಡೆ ನೋಡಿ ಮತ್ತೆ ಮುಚ್ಚಿಕೊಂಡರು. ಮೊದಲಿನಿಂದ ಓದಿದರು. ಐನೂರು.

ನಾನು ಸುಮ್ಮನಿದ್ದೆ. ಅಂಗೈ ತೊಡೆಯ ಮೇಲಿತ್ತು, ಆ ಹತ್ತನೆಯ ಕಲ್ಲು ಇನ್ನೂ ಅದರ ಕೆಳಗೇ ಇದ್ದಂತೆ ಅನ್ನಿಸುತ್ತಿತ್ತು. ಹೆದರಿಕೆ ಇರಲಿಲ್ಲ. ಕೇಳುವವಳಿಗೆ ಇರುವುದು ಒಂದೇ ಮಾತು, ಅದನ್ನು ಎಲ್ಲಿ ಇಡಬೇಕು ಎಂಬುದರಲ್ಲಿ ನನಗೆ ಯಾವತ್ತೂ ಅನುಮಾನ ಬಂದದ್ದಿಲ್ಲ.

ಈಗ ಯಾರೂ ನಗಲಿಲ್ಲ. ಹೊಂಬಾಳಕ್ಕ ಎದ್ದು ನಿಂತಳು. "ಬಾಯಿ ಸತ್ತವಳ ಹಂಗೆ ಕೂತವ್ಳೆ ನೋಡ್ರಪ್ಪ! ನಿನ್ನ ಹೊಕ್ಕಳು ಕೊಯ್ದದ್ದು ನಮ್ಮವ್ವ. ನಿನ್ನ ಎರಡು ಮಕ್ಕಳ್ನ ಈಚೆಗೆ ತೆಗೆದದ್ದು ಈ ಕೈ. ಒಂದು ಹೂಂಗೆ ಬರಗಾಲ ಬಂತಾ ನಿಂಗೆ?"

ಜನ ಗುಜುಗುಜು ಎಂದರು. ಹೂಂ ಅನ್ನಿ ಅನ್ನಿ ಎಂದವರೂ ಇದ್ದರು. ಕಂಬಕ್ಕೆ ಒರಗಿದ್ದ ಜಾಹ್ನವಿ ಆಗ ಬಾಯಿ ತೆರೆದಳು. "ತಾತ, ಆ ಮಂಚದ ಮೇಲೆ ಮಲಗಬೇಕಾದವಳು ನಾನು. ನನ್ನನ್ನು ಒಂದು ಮಾತು ಕೇಳಿದರಾ ಯಾರಾದರೂ? ನನಗೆ ಕಾಲಕೆಳಗೆ ಏನಿದೆ ಅಂತ ಗೊತ್ತಾಗಬೇಕು. ಸರಿಯಾಗಿ ಓದಿ."

ಅವಧಾನಿಗಳು ಮೊಮ್ಮಗಳ ಕಡೆ ನೋಡಲಿಲ್ಲ. ಶಾಲು ಸರಿಪಡಿಸಿಕೊಂಡರು, ಗಂಟಲು ಸರಿಮಾಡಿಕೊಂಡರು. ಮೂರನೆಯ ಸಲ ಓದಿದರು.

ಮೂರನೆಯ ಸಾಲ್ ಚೀನದೊಳಗರು
ನೂರು ಕಲ್ಲುಗಳೆದ್ದು ನಿಂತವು

ಒಂದು ಮಾತ್ರೆಯೂ ಕದಲಲಿಲ್ಲ. ಪದ್ಯದ ಆರೂ ಸಾಲು ಮುಗಿಯುವವರೆಗೆ ಕಾದು ನಾನು ಹೂಂ ಅಂದೆ.

ಉಳಿದ ಆರು ಸಾಲುಗಳ ಓದೂ ನಡೆಯಿತು. ಎಂಟನೆಯದರ ಮೌನದಲ್ಲಿ ಹೊಂಬಾಳಕ್ಕನ ಉಸಿರಾಟ ಎಲ್ಲರಿಗೂ ಕೇಳುತ್ತಿತ್ತು. ಓದು ಮುಗಿದಾಗ ಅವಳು ನನ್ನ ಮುಂದೆ ಬಂದು ನಿಂತಳು. "ಬಾಯಿ ಬಿಟ್ಟು ಮನೆ ಕೆಡಿಸೋರ್ನ ಬೇಕಾದಷ್ಟು ಜನ ನೋಡಿವ್ನಿ. ಬಾಯಿ ಮುಚ್ಕೊಂಡು ಕೆಡಿಸ್ದೋಳು ನೀನೊಬ್ಳೇ ಕಣೆ" ಎಂದು ಹೊರಟುಹೋದಳು.

ಅವಳ ಮನೆಯನ್ನು ಬಿಚ್ಚಲು ಊರಿನ ಗಂಡಸರು ಮಾರನೆಯ ದಿನವೇ ಹೋದರು, ಅವಳು ಅಡ್ಡಿ ಮಾಡಲಿಲ್ಲ. ಆದರೆ ಎಲ್ಲಿ ಕಟ್ಟಬೇಕು ಎಂದರೆ ಯಾವ ಜಾಗವೂ ಅವಳಿಗೆ ಹಿಡಿಸಲಿಲ್ಲ. ಕೆರೆಯ ಪಕ್ಕ ಶೀತ ಅಂದಳು. ಗುಡ್ಡದ ಕೆಳಗೆ ಗಾಳಿ ಅಂದಳು. ರಷ್ಯಾದ ಸಾಲು ಕುಗ್ಗಿ ಖಾಲಿಯಾದ ಜಾಗ ಎಷ್ಟು ಬೇಕಾದರೂ ಇತ್ತು, "ಅದು ಇವತ್ತು ಹಿಂದಕ್ಕೆ ಹೋಗೈತೆ, ನಾಳೆ ಮುಂದಕ್ಕೆ ಬಂದ್ರೆ ನೀನು ಬತ್ತೀಯೇನ್ಲಾ ತೊಟ್ಲು ಹೊರಾಕೆ?" ಎಂದು ಮಾದಪ್ಪನನ್ನು ಅಟ್ಟಿದಳು. ನಾಲ್ಕು ದಿನ ಕಳೆಯಿತು. ಕಂಬ ತೊಲೆಗಳೆಲ್ಲ ಒಂದು ಕಡೆ ರಾಶಿಯಾಗಿ ಬಿದ್ದಿದ್ದವು, ಅವಳು ಆ ರಾಶಿಯ ಮೇಲೆ ಕೂತು ಎಲೆ ಅಡಿಕೆ ಅಗಿಯುತ್ತಿದ್ದಳು.

ಐದನೆಯ ದಿನ ನಾನೇ ಹೋದೆ. ಅವಳು ಮುಖ ತಿರುಗಿಸಿದಳು. ನಾನು ತೊಲೆಯ ಇನ್ನೊಂದು ತುದಿಯಲ್ಲಿ ಕೂತೆ.

"ಪಡುವಣ ಕಡೆ ಆರು ಗುಳಿ ಇವೆಯಲ್ಲ" ಅಂದೆ.

ಅವಳು ಇನ್ನೊಂದು ಎಲೆಗೆ ಸುಣ್ಣ ಸವರಿದಳು.

ಒಂದು ಕಾಲಕ್ಕೆ ನಮ್ಮ ಓದಿನಲ್ಲಿ ಈಗಿಲ್ಲದ ಒಂದು ಪದ್ಯವಿತ್ತು. ಆಗ ಕೊನೆಗೆ ಬರುತ್ತಿದ್ದ ಅದು ದಕ್ಷಿಣ ಆಫ್ರಿಕಾದ್ದು, ಆರೇ ಕಲ್ಲಿನ ಪುಟ್ಟ ಸಾಲು. ನಾನು ಹದಿನೇಳು ಹದಿನೆಂಟರವಳಿದ್ದಾಗ ಆ ದೇಶ ತಾನು ಮಾಡಿದ್ದನ್ನು ತಾನೇ ಬಿಚ್ಚಿ ಹಾಕಿತು. ಆರೂ ಕಲ್ಲು ಇಳಿದವು. ಆ ವರ್ಷ ಅಮ್ಮ ಮಂಟಪದಲ್ಲಿ ಕೊನೆಯ ಪದ್ಯಕ್ಕಾಗಿ ಕಾದು, ಅದು ಬರದಿದ್ದಾಗ, ಸೆರಗಿನಿಂದ ಕಣ್ಣು ಒರೆಸಿಕೊಂಡದ್ದು ನೆನಪಿದೆ. ಬೇರೆ ಮೂರು ದೇಶಗಳ ಕಲ್ಲುಗಳೂ ಆ ಕಾಲದಲ್ಲೇ ಹೋದವು, ಆದರೆ ಅವುಗಳ ಅಸ್ತ್ರಗಳು ರಷ್ಯಾಕ್ಕೆ ಸೇರಿದ್ದರಿಂದ ಕಲ್ಲುಗಳೂ ಆ ಸಾಲಿನಲ್ಲಿ ಮತ್ತೆ ಎದ್ದವು. ತಾನೇ ಮಾಡಿ ತಾನೇ ಇಲ್ಲವಾಗಿಸಿದ್ದು ಆ ಒಂದು ಸಾಲು ಮಾತ್ರ. ಸಾಲಿಗೆ ಸಾಲೇ ಅಳಿದ ನೆಲ ಅಪಶಕುನವೆಂದು ಯಾರೂ ಅಲ್ಲಿ ಕುರಿಯನ್ನೂ ಕಟ್ಟುವುದಿಲ್ಲ.

"ಗುಳಿ ಹತ್ರ ಬಾಣಂತಿ ಮಲಗಿಸು ಅಂತೀಯಾ?" ಎಂದಳು ಕೊನೆಗೆ. "ಹೆಣ ಹೂಳಾಕೆ ಲಾಯಕ್ಕು ಅದು."

"ಮೂವತ್ತು ವರ್ಷದ ಮೇಲಾಯಿತು. ಪ್ರತಿ ವರ್ಷ ಅಲ್ಲಿಗೂ ಹೋಗಿ ಅಂಗೈ ಇಟ್ಟು ಬರುತ್ತೇನೆ. ಒಂದು ಸಲವೂ ನೆಲ ಅಲುಗಿಲ್ಲ."

"ಪದ್ಯ ಇಲ್ದಿದ್ರೂ ಹೋಗಿ ಮುಟ್ತೀಯಾ?"

"ಅಮ್ಮ ಹೋಗುತ್ತಿದ್ದಳು."

ಅವಳು ಬಾಯಲ್ಲಿದ್ದದ್ದನ್ನು ಉಗಿದಳು. "ನಿಮ್ಮ ವಂಶಕ್ಕೇ ಹುಚ್ಚು" ಎಂದಳು. ಆದರೆ ಎದ್ದಳು.

ಆ ಮಧ್ಯಾಹ್ನವೆಲ್ಲ ಅವಳು ಆರು ಗುಳಿಗಳ ನಡುವೆ ಒಬ್ಬಳೇ ಕೂತಿದ್ದಳು. ಒಂದೊಂದು ಗುಳಿಗೂ ಒಂದೊಂದು ಕೊಡ ನೀರು ಸುರಿದು, ಹೀರುವುದನ್ನು ನೋಡಿದಳು. ಮಣ್ಣು ಹಿಡಿದು ಮೂಸಿದಳು. ಆಮೇಲೆ ಸೆರಗು ಹಾಸಿ ಮಲಗಿ, ನಿಜವಾಗಿಯೂ ನಿದ್ದೆ ಹೋದಳು. ಊರು ದೂರದಲ್ಲಿ ನಿಂತು ನೋಡುತ್ತಿತ್ತು. ಎದ್ದವಳು ಬೆನ್ನು ತಟ್ಟಿಕೊಂಡು, "ನೆಲ ಮೆತ್ತಗೈತೆ. ಸೊಂಟ ಹಿಡೀಲಿಲ್ಲ. ತತ್ತರ್ಲಾ ಕಂಬವ" ಎಂದು ಕೂಗಿದಳು. ಗಂಡಸರು ಐದು ದಿನದ ಕೆಲಸವನ್ನು ಮೂರು ದಿನಕ್ಕೆ ಮಾಡಿದರು. ಒಂದು ಗುಳಿಯನ್ನು ಅವಳು ಬಚ್ಚಲಿನ ನೀರು ಇಂಗಲು ಬಿಟ್ಟುಕೊಂಡಳು, ಉಳಿದವಕ್ಕೆ ಬಾಳೆ ನೆಡಿಸಿದಳು. ನನ್ನ ಜೊತೆ ಮಾತ್ರ ಮಾತಿಲ್ಲ.

ಓದು ಕಳೆದ ಹದಿನಾಲ್ಕನೆಯ ಬೆಳಿಗ್ಗೆ ಜಾಹ್ನವಿಗೆ ನೋವು ಕಾಣಿಸಿಕೊಂಡಿತು. ಅವಧಾನಿಗಳು ಹೊಸ ಮನೆಯ ಜಗಲಿಯಲ್ಲಿ ಕೂತು ಜಪಮಾಲೆ ಹಿಡಿದಿದ್ದರು, ಮಣಿ ಮುಂದಕ್ಕೆ ಹೋಗುತ್ತಿರಲಿಲ್ಲ. ನಾನು ಬೇಲಿಯ ಹೊರಗೇ ನಿಂತಿದ್ದೆ. ಬಿಸಿಲು ಏರುವ ಹೊತ್ತಿಗೆ ಮಾದಪ್ಪ ಓಡುತ್ತಾ ಬಂದ. ಅವನ ಚೀಲದಲ್ಲಿ ಬೀಜಗಳು ಗಲಗಲ ಎನ್ನುತ್ತಿದ್ದವು.

"ಸೀಬಕ್ಕಾ, ಬಾ ಒಸಿ" ಎಂದ.

ಹೋದೆವು. ಹಳೆಯ ಮನೆಯಿದ್ದ ಜಾಗದಲ್ಲಿ ಸಗಣಿ ಸಾರಿಸಿದ ನೆಲ ಇನ್ನೂ ಹಾಗೇ ಇತ್ತು. ಗೋಡೆಯ ಗುರುತು ಇತ್ತು, ಮಂಚದ ನಾಲ್ಕು ಕಾಲುಗಳು ಕೂತು ಕೂತು ಆದ ನಾಲ್ಕು ಕುಳಿ ಇದ್ದವು. ಆ ನಾಲ್ಕು ಕುಳಿಗಳ ನಡುವೆ, ಬಾಣಂತಿಯ ಬೆನ್ನು ಬರುವ ಜಾಗದಲ್ಲಿ, ಹೊಸ ಕಲ್ಲು ನಿಂತಿತ್ತು. ಅದರ ಸುತ್ತ ಸಗಣಿಯ ಹಕ್ಕಳೆ ಹೂವಿನ ಹಾಗೆ ಬಿರಿದಿತ್ತು. ನಾನು ಅಂಗೈ ಇಟ್ಟೆ. ಅದು ಯಾರ ಭಯಕ್ಕೆ ಯಾರು ಮಾಡಿದ್ದೋ, ಯಾವ ಊರಿನ ಮೇಲೆ ಬೀಳಬೇಕೆಂದು ಮಾಡಿದ್ದೋ. ಆ ಊರಿನಲ್ಲೂ ಒಂದು ಹೆರಿಗೆ ಮನೆ ಇದ್ದೇ ಇರುತ್ತದೆ. ಸ್ವಾಮಿಯ ಹೆಸರು ಹೇಳಿಕೊಂಡು ಕೈ ತೆಗೆದೆ.

ಹಿಂದಿರುಗುವಾಗ ಮಾದಪ್ಪ ಬೀಜ ಬಾಯಿಗೆ ಹಾಕಿಕೊಳ್ಳಲಿಲ್ಲ.

ಹೊಂಬಾಳಕ್ಕ ಬಾಗಿಲಿಗೆ ಬಂದಿದ್ದಳು. ಮೊಣಕೈವರೆಗೆ ಎಣ್ಣೆ, ಹಣೆಯಲ್ಲಿ ಬೆವರು. ನಮ್ಮಿಬ್ಬರ ಮುಖವನ್ನೂ ಒಂದು ಸಲ ನೋಡಿದಳು.

"ಎದ್ದೈತಾ?"

"ಎದ್ದಿದೆ."

"ಎಲ್ಲಿ?"

ಮಾದಪ್ಪ ಹೇಳಿದ: "ಮಂಚದ ನಡುಮಧ್ಯಕ್ಕೆ ಹೊಂಬಾಳಕ್ಕ. ಅಳೆದು ಇಟ್ಟಂಗೆ."

ಜಗಲಿಯ ಮೇಲೆ ಅವಧಾನಿಗಳು ಜಪಮಾಲೆಯನ್ನು ಕಣ್ಣಿಗೊತ್ತಿಕೊಂಡರು. ಹೊಂಬಾಳಕ್ಕ ಹಳೆಯ ಮನೆಯಿದ್ದ ದಿಕ್ಕಿಗೆ ಒಂದು ಸಲ ನೋಡಿದಳು. ಒಳಗಿನಿಂದ ಜಾಹ್ನವಿ ಕೂಗಿದಳು: "ಹೊಂಬಾಳಮ್ಮಾ, ಎಲ್ಲಿ ಹೋದಿರಿ? ಇನ್ನೂ ಎಷ್ಟು ಹೊತ್ತು?"

"ಬಂದೆ ಕಣವ್ವಾ! ಕೂಸು ತಿರುಗಿ ನೆಟ್ಟಗೆ ಬತ್ತಾ ಐತೆ, ನಿಮ್ಮ ತಾತನಂಗೆ ಮೂರು ಸಲ ಸುತ್ತಾಕಿಲ್ಲ" ಎಂದು ಅವಳು ಒಳಗೆ ಕೂಗಿ, ನನ್ನ ಕಡೆ ತಿರುಗಿದಳು. ಎಣ್ಣೆಗೈಯಲ್ಲೇ ನನ್ನ ರಟ್ಟೆ ಹಿಡಿದಳು. ಹಿಡಿತ ಬಿಗಿಯಾಗಿತ್ತು.

"ಬೇಲಿ ಕಾಯ್ತಾ ನಿಂತಿದ್ದು ಸಾಕು. ಒಲೆ ಮ್ಯಾಲೆ ಹಂಡೆ ಕುದೀತಾ ಐತೆ, ಇಳಿಸಾಕೆ ಇಬ್ರು ಬೇಕು. ನಿನ್ನ ಕೈ ಗಟ್ಟಿ ಅಂತ ಗೊತ್ತು ನಂಗೆ. ಕಾಲು ತೊಳ್ಕೊಂಡು ಒಳೀಕೆ ಬಾ."

ನಾನು ಕಾಲು ತೊಳೆದುಕೊಂಡು ಒಳಗೆ ಹೋದೆ.